ತಂಗೆವ್ವ ಹೇಳಿದ ಎರಡು ಮಾತು

ಜಮಖಂಡಿಯ ಆಸ್ಪತ್ರೆಯ ಎರಡನೇ ಮಹಡಿಯಲ್ಲಿ, ಐಸಿಯು ಬಾಗಿಲಿನ ಎದುರಿಗೇ ನನ್ನ ಕೈಚೀಲದ ಹಿಡಿಕೆ ಕಿತ್ತುಹೋಯಿತು. ಒಳಗಿದ್ದದ್ದೆಲ್ಲ ನೆಲಕ್ಕೆ ಬಿತ್ತು. ರೊಟ್ಟಿಯ ಗಂಟು, ನೀರಿನ ಬಾಟಲಿ, ನನ್ನ ಬಿಪಿ ಗುಳಿಗೆ, ಮತ್ತೆ ಒಂದು ಸೀರೆ. ಸೀರೆಯ ಮಡಿಕೆ ಬಿಚ್ಚಿ ಬಿಳಿ ಫರಸಿಯ ಮೇಲೆ ಹರಡಿಕೊಂಡಿತು. ಜೇನಿನ ಬಣ್ಣದ ಮೈ, ಕಪ್ಪು ದಡಿ. ಬನಹಟ್ಟಿಯ ಮಗ್ಗದ್ದು.

ಬೆಂಚಿನ ಮೇಲೆ ಕೂತಿದ್ದವರೆಲ್ಲ ಮೊದಲು ಸೀರೆ ನೋಡಿದರು, ಆಮೇಲೆ ನನ್ನನ್ನು ನೋಡಿದರು. ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಹೆಣ್ಣುಮಗಳು ತೀರಿಕೊಂಡರೆ ಅವಳ ಅಣ್ಣನೋ ತಮ್ಮನೋ ತವರಿನಿಂದ ಸೀರೆ ತರಬೇಕು. ಆ ಸೀರೆ ಮೈಮೇಲೆ ಬೀಳುವ ತನಕ ಹೆಣ ಎತ್ತುವ ಹಾಗಿಲ್ಲ. ಒಳಗೆ ಮಲಗಿದ್ದವಳು ನನ್ನ ತಂಗಿ ತಂಗೆವ್ವ. ಅವಳಿಗೆ ಇನ್ನೂ ಜೀವ ಇತ್ತು.

ಅವಳ ಮಗ ಸಂಜು ಗೋಡೆಗೆ ಒರಗಿ ನಿಂತಿದ್ದ. ಎರಡು ಹೆಜ್ಜೆ ಮುಂದೆ ಬಂದ.

"ಏನಿದು ಮಾವಾ?"

ನಾನು ಬಗ್ಗಿ ಸೀರೆ ಎತ್ತಿಕೊಳ್ಳಲು ಹೋದೆ. ಅವನು ಸೆರಗಿನ ಮೇಲೆ ಕಾಲಿಟ್ಟ. ಚಪ್ಪಲಿಯ ಕಾಲು.

"ಏನಿದು ಅಂತ ಕೇಳಾಕತ್ತೇನಿ."

"ಸೀರಿ."

"ಸೀರಿ ಅಂತ ನನಗೂ ಕಾಣತೈತಿ. ಯಾರಿಗೆ? ಎಲ್ಲಾರಿಗೂ ಕೇಳೂಹಂಗ ಹೇಳು. ನಮ್ಮವ್ವ ಒಳಗ ಉಸರಾಡಾಕತ್ತಾಳ, ನೀ ಹೆಣದ ಸೀರಿ ಬಗಲಾಗ ಇಟಗೊಂಡು ಬಂದೀ. ಮುಧೋಳದಿಂದ ಬಸ್ಸಿನ್ಯಾಗ ಕುಂತು ಬಂದೀ. ಕಂಡಕ್ಟರಗ ಏನ ಹೇಳಿದಿ? ಮಣ್ಣಿಗೆ ಹೊಂಟೇನಿ ಅಂದ್ಯಾ?"

ತಂಗೆವ್ವನ ಮಗಳು ಉಮಾಶ್ರೀ ಓಡಿಬಂದು ಸೀರೆ ಎಳೆದುಕೊಂಡಳು. "ಬಿಡೋ ಸಂಜು, ಮಂದಿ ನೋಡಾಕತ್ತಾರ."

"ನೋಡ್ಲಿ. ನಮ್ಮ ಸ್ವಾದರಮಾವನ ನೋಡ್ಲಿ. ಎಷ್ಟ ಕಾಳಜಿ ಐತಿ ನೋಡ್ಲಿ."

ನಾನು ನಡೆದದ್ದನ್ನು ಹೇಳಿದೆ. ಮುಂಜಾನೆ ಉಮಾಶ್ರೀಯೇ ಫೋನ್ ಮಾಡಿದ್ದಳು. ಡಾಕ್ಟರು ಇನ್ನೇನೂ ಉಳಿದಿಲ್ಲ ಅಂದಾರ, ಜಲ್ದಿ ಬಾ ಮಾವಾ ಅಂತ ಅತ್ತಿದ್ದಳು. ನಾನು ಹನ್ನೆರಡು ವರ್ಷದವನಿದ್ದಾಗ ನಮ್ಮ ದೊಡ್ಡವ್ವ ಸತ್ತಿದ್ದಳು. ಅವಳ ತವರು ಕೃಷ್ಣೆಯ ಆಚೆ. ಹೊಳೆ ತುಂಬಿ ಅವಳ ತಮ್ಮಂದಿರು ದಾಟಲಾರದೆ, ಮರುದಿನ ಮಧ್ಯಾಹ್ನದ ತನಕ ಹೆಣ ಕಟ್ಟೆಯ ಮೇಲೆ ಸೀರೆಗಾಗಿ ಕಾದಿತ್ತು. ಬೇವಿನ ಟೊಂಗೆ ಹಿಡಿದು ನೊಣ ಹೊಡೆಯುತ್ತ ಕೂತವನು ನಾನೇ. ನನ್ನ ತಂಗಿಗೆ ಹಾಗಾಗಬಾರದು ಅಂತ ಸೀರೆಯನ್ನು ಜೊತೆಗೇ ತಂದೆ ಅಂದೆ.

ಅದು ಖರೆ. ಪೂರ್ತಿ ಖರೆ ಅಲ್ಲ. ಉಳಿದದ್ದನ್ನು ಮುಂದೆ ಹೇಳುತ್ತೇನೆ, ಯಾಕೆಂದರೆ ಅವತ್ತು ನಾನೂ ಅದನ್ನು ತಡವಾಗಿಯೇ ಒಪ್ಪಿಕೊಂಡೆ.

ಗದ್ದಲ ಕೇಳಿ ಡಾಕ್ಟರ್ ರಾಜಶ್ರೀ ಹೊರಗೆ ಬಂದರು. ಐವತ್ತರ ಹತ್ತಿರದ ಹೆಣ್ಣುಮಗಳು. ನಿದ್ದೆ ಇಲ್ಲದ ಕಣ್ಣು.

"ಜಗಳ ಆಡೂದಿದ್ರ ಕೆಳಗ ಹೋಗ್ರಿ. ಒಳಗ ಒಂಬತ್ತು ಮಂದಿ ಪೇಷಂಟ್ ಅದಾರ. ಇಲ್ಲಾ ಅಂದ್ರ ಮೂರೂ ಮಂದಿ ಈ ಕಡೆ ಬರ್ರಿ. ನಾನೂ ನಿಮ್ಮ ಹಾದೀನ ಕಾಯಾಕತ್ತೇನಿ."

ಅವರ ಹಿಂದೆ ಒಂದು ಸಣ್ಣ ಕೋಣೆಗೆ ಹೋದೆವು. ಒಂದು ಮೇಜು, ಮೂರು ಕುರ್ಚಿ, ಒಂದು ಗಾಜಿನ ಕಿಟಕಿ. ಕಿಟಕಿಯ ಆಚೆ ತಂಗೆವ್ವನ ಹಾಸಿಗೆ. ನನ್ನ ತಂಗಿ ಅಂತ ಗುರುತು ಹಿಡಿಯಲಿಕ್ಕೆ ಹಣೆಯ ಮೇಲಿನ ಹಚ್ಚೆ ಒಂದೇ ಉಳಿದಿತ್ತು. ಬಾಯಿಯಲ್ಲಿ ಪೈಪು, ಮೂಗಿನಲ್ಲಿ ಮತ್ತೊಂದು. ಎರಡೂ ಕೈಗಳನ್ನು ಬ್ಯಾಂಡೇಜ್ ಪಟ್ಟಿಯಿಂದ ಮಂಚದ ಕಂಬಿಗೆ ಕಟ್ಟಿದ್ದರು.

"ಕೈ ಯಾಕ ಕಟ್ಟೀರಿ?" ಅಂದೆ.

"ಎರಡನೇ ದಿನ ಎಚ್ಚರಾಗಿ ಪೈಪು ಕಿತ್ತುಬಿಟ್ಟಿದ್ರು. ಆವಾಗ ಕಟ್ಟಿದ್ದು, ಈಗಲೂ ಕಫ ಎಳಿಯೂವಾಗ ಮೈ ಜಿಗೀತೈತಿ, ಅದಕ್ಕ ಬಿಚ್ಚಿಲ್ಲ." ಡಾಕ್ಟರು ಮೂವರ ಮುಖವನ್ನೂ ನೋಡಿದರು. "ದಿನಾ ಹೇಳಿದ್ದನ್ನ ಮತ್ತೊಮ್ಮೆ ಹೇಳ್ತೇನಿ. ಫುಪ್ಪುಸ ಮೊದಲ ಕೆಟ್ಟಿದ್ದುವು. ಹೊಗಿ ಕುಡದು ಕುಡದು ಕೆಟ್ಟಾವು, ಒಲಿ ಹೊಗಿ. ಆರನೇ ದಿನ ಎದಿ ನಿಂತಿತ್ತು. ಮತ್ತ ಚಾಲೂ ಮಾಡಿದ್ವಿ, ಆದ್ರ ಅಷ್ಟರಾಗ ಮಿದುಳಿಗೆ ಪೆಟ್ಟಾಗಿತ್ತು. ಅವತ್ತಿನಿಂದ ಕಣ್ಣು ತಗದಿಲ್ಲ. ಇನ್ನ ತಗಿಯೂದೂ ಇಲ್ಲ. ಇವತ್ತಿಗೆ ಹನ್ನೆರಡು ದಿನ. ಬಾಯಾಗಿನ ಪೈಪು ಇನ್ನ ಮುಂದ ಇಡಾಕ ಬರಂಗಿಲ್ಲ. ಮಿಷಿನ್ ಮುಂದುವರಸೂದಿದ್ರ ಗಂಟಲಿಗೆ ತೂತು ಮಾಡಿ ಅಲ್ಲಿಂದ ಪೈಪು ಹಾಕಬೇಕು. ಅದಕ್ಕ ಮನಿಯವರ ಸಹಿ ಬೇಕು."

"ಎಲ್ಲಿ ಮಾಡಬೇಕ್ರಿ ಸಹಿ?" ಸಂಜು ಜೇಬಿನಿಂದ ಪೆನ್ನು ತೆಗೆದ.

"ಬ್ಯಾಡ್ರಿ," ಅಂದೆ ನಾನು.

ಸಂಜು ನನ್ನ ಕಡೆ ತಿರುಗಲೇ ಇಲ್ಲ. "ಡಾಕ್ಟ್ರ, ಈ ಮನಷ್ಯಾನ ಹೊರಗ ಕಳಸ್ರಿ."

"ನಾ ಅಕಿ ಅಣ್ಣ."

"ನಮ್ಮಪ್ಪನ ಹೊತ್ತಿನ್ಯಾಗೂ ಅಣ್ಣನ ಇದ್ದಿ. ಆವಾಗ ಏನಂದಿದ್ದಿ? ಹೇಳು. ಇವರಿಗೂ ಗೊತ್ತಾಗ್ಲಿ. ಅಪ್ಪಗ ಮಿಷಿನ್ ಹಾಕ್ರಿ ಅಂದಾಂವ ಯಾರು?"

"ನಾನ."

"ಅಪ್ಪಗ ಹಾಕಬೇಕು, ಅವ್ವಗ ಹಾಕಬಾರದು. ಏನ ನ್ಯಾಯಲೇ ಇದು? ಕುರಿ ಆರಿಸಿದಂಗ ಆರಿಸ್ತೀಯೇನು?"

ಅವನು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ಆರು ವರ್ಷದ ಹಿಂದೆ ತಂಗೆವ್ವನ ಗಂಡ ಕಾಮಣ್ಣ ಲಕ್ವಾ ಹೊಡೆದು ಬಿದ್ದ. ದೂರದ ದೊಡ್ಡ ಆಸ್ಪತ್ರೆಗೆ ಒಯ್ದಿದ್ದೆವು. ಮೊದಲ ದಿನವೇ ಅಲ್ಲಿಯ ಡಾಕ್ಟರು ಕೈ ಚೆಲ್ಲಿದ್ದರು. ತಂಗೆವ್ವ, "ಅಣ್ಣಾ, ಮನಿಗೆ ಒಯ್ಯೂಣು. ತನ್ನ ಕಂಬಳಿ ಮ್ಯಾಲ ಹೋಗ್ಲಿ" ಅಂದಳು. ನಮ್ಮಲ್ಲಿ ಸಾಯುವವನನ್ನು ಮಂಚದಿಂದ ಇಳಿಸಿ ಕಂಬಳಿಯ ಮೇಲೆ ಮಲಗಿಸುತ್ತಾರೆ, ಹಣೆಗೆ ಬೀರಪ್ಪನ ಭಂಡಾರ, ಅಂದರೆ ಗುಡಿಯ ಅರಿಶಿನ, ಹಚ್ಚುತ್ತಾರೆ. ಮಂಚದ ಮೇಲೆ ಸಾಯುವುದು ನಮಗೆ ಸಾವಲ್ಲ. ಆದರೆ ಸುತ್ತ ಹತ್ತು ಮಂದಿ ಗಂಡಸರಿದ್ದರು. ನಾನು ಹಿರಿಯ. ನಾಳೆ ಯಾರಾದರೂ ಭಾವನನ್ನು ಕೈಬಿಟ್ಟ ಅಂದಾರು ಅಂತ ಅಂಜಿಕೆ. "ಗಂಡಸರು ಮಾತಾಡೂವಾಗ ನೀ ಸುಮ್ನಿರು" ಅಂತ ತಂಗಿಗೆ ಅಂದೆ. ಡಾಕ್ಟರಿಗೆ ಮಿಷಿನ್ ಹಾಕ್ರಿ ಅಂದೆ. ಹನ್ನೊಂದು ದಿನ ಹಾಕಿದರು. ಹನ್ನೊಂದೂ ದಿನ ನಾನು ಹೊರಗೆ ಬೆಂಚಿನ ಮೇಲೆ ಕೂತೆ, ಚಹಾ ಕುಡಿದೆ, ಬಂದವರಿಗೆ "ಪ್ರಯತ್ನ ನಡದೈತಿ" ಅಂತ ಹೇಳಿದೆ. ಒಂದು ಸಲವೂ ಒಳಗೆ ಹೋಗಲಿಲ್ಲ. ಒಳಗೆ ಹೋಗುತ್ತಿದ್ದವಳು ತಂಗೆವ್ವ. ಗಂಡನ ತುಟಿ ಸೀಳಿ ಹುಣ್ಣಾದದ್ದನ್ನು ನೋಡಿದವಳು ಅವಳು.

ದಿವಸದ ದಿನ, ಭಾವ ಸತ್ತ ಹತ್ತನೇ ದಿನ, ಬೀರಪ್ಪನ ಗುಡಿಯ ಮುಂದೆ ಎಲ್ಲರೂ ಸೇರಿದ್ದಾಗ ಅವಳು ಮುಷ್ಟಿಯಲ್ಲಿ ಭಂಡಾರ ಹಿಡಿದು ನಿಂತಳು. "ನನಗ ಹಿಂಗ ಪೈಪು ಹಾಕಬಾರದು. ಯಾರ ಹಾಕಸ್ತಾರ ಅವರಿಗೆ ಬೀರಪ್ಪ ಕೇಳತಾನ" ಅಂದಳು. ಸಂಜು ಅಲ್ಲಿದ್ದ. ಉಮಾಶ್ರೀ ಅಲ್ಲಿದ್ದಳು. ನಾನೂ ಅಲ್ಲಿದ್ದೆ.

ಇದನ್ನು ಡಾಕ್ಟರಿಗೆ ಹೇಳಿದೆ.

"ಕಾಗದದ ಮ್ಯಾಲ ಏನರ ಬರಸ್ಯಾರೇನು?"

"ಭಂಡಾರ ಹಿಡದು ಹೇಳ್ಯಾಳ್ರಿ. ನಮ್ಮಾಗ ಅದಕ್ಕಿಂತ ದೊಡ್ಡ ಕಾಗದ ಇಲ್ಲ."

ಡಾಕ್ಟರು ನಗಲಿಲ್ಲ. "ಸಾಕ್ಷಿ ಹಾಕಿ ಬರದು ಇಟ್ಟಿದ್ರ ನಮಗೂ ಹಗರ ಆಗತಿತ್ತು. ಇಲ್ಲಾಂದ್ರೂ ಹಾದಿ ಐತಿ. ನಾವು ಮೂರು ಮಂದಿ ಡಾಕ್ಟರು ನೋಡಿ ಬರೀಬೇಕು, ಆಮ್ಯಾಲ ಬ್ಯಾರೆ ಮೂರು ಮಂದಿ ಬಂದು ನೋಡಬೇಕು. ಮನಿಯವರು ಒಪ್ಪಬೇಕು. ಅಕಿ ಇಚ್ಛಾ ಏನಿತ್ತು ಅನ್ನೂದನ್ನ ನೀವು ಹೇಳಬೇಕು. ನಿಮಗ ಏನ ಬೇಕು ಅನ್ನೂದಲ್ಲ. ಆದ್ರ ನೀವ ಹಿಂಗ ಕಚ್ಚಾಡಾಕತ್ತಿದ್ರ ನಾ ಏನೂ ಮಾಡಂಗಿಲ್ಲ. ನಿಮ್ಮ ಜಗಳಕ್ಕ ನನ್ನ ಕೈ ಸಿಗಂಗಿಲ್ಲ."

"ಸಿಟ್ಟಿನ್ಯಾಗ ಅಂದದ್ದರಿ ಅದು," ಅಂದ ಸಂಜು. "ಅಪ್ಪ ಸತ್ತು ಹತ್ತು ದಿನ ಆಗಿತ್ತು. ಆವಾಗಿನ ಮಾತು ಯಾರ ಹಿಡೀತಾರ? ನಾ ಸಮೀರವಾಡಿ ಸಕ್ಕರಿ ಫ್ಯಾಕ್ಟರ್‍ಯಾಗ ಬಾಯ್ಲರ್ ಮುಂದ ನಿಂತು ದುಡಿಯಾಂವ. ಗೇಜ್ ನೋಡಾಕ ಬರತೈತಿ ನನಗ. ಇಲ್ಲಿಂದ ಕಾಣತೈತಿ ನೋಡ್ರಿ. ನಾಡಿ ಎಂಬತ್ತೆರಡು. ಬಿಪಿ ಛಲೋ ಐತಿ. ಆಕ್ಸಿಜನ್ ತೊಂಬತ್ತಾರು. ಎಲ್ಲಾ ಛಲೋ ಇದ್ದದ್ದನ್ನ ಬಂದ್ ಮಾಡು ಅಂದ್ರ ಹ್ಯಾಂಗ ಮಾಡೂದ್ರಿ?"

"ಆ ನಂಬರು ಅವರದಲ್ಲ. ಮಿಷಿನಿಂದು, ಔಷಧದ್ದು. ಒಳಗ ಬಂದು ನೋಡ್ರಿ."

"ಇಲ್ಲಿಂದ ಕಾಣತೈತಿ."

"ಹನ್ನೆರಡು ದಿನ ಆತು, ನೀವು ಇಲ್ಲಿಂದನ ನೋಡಾಕತ್ತೀರಿ," ಅಂದರು ಡಾಕ್ಟರು. "ನಿಮ್ಮ ಅಕ್ಕ ದಿನಾ ಒಳಗ ಬರತಾರ."

ಸಂಜು ಗಾಜಿನಿಂದ ಮುಖ ತಿರುಗಿಸಿದ. ಸಿಟ್ಟು ತಿರುಗಿ ನನ್ನ ಮೇಲೆ ಬಂತು.

"ಅವ್ವನ ಮಾತು, ಅವ್ವನ ಮಾತು ಅಂತೀ. ಅವತ್ತ ಅವ್ವ ಅಷ್ಟ ಹೇಳಿದ್ಲೇನು ಮಾವಾ? ಇನ್ನರ್ಧ ಎಲ್ಲಿಟ್ಟಿ? ಹೇಳು. ಭಂಡಾರ ಇನ್ನೂ ಕೈಯಾಗ ಇತ್ತು ಅಕೀದು."

ಉಮಾಶ್ರೀ ತಲೆ ತಗ್ಗಿಸಿದಳು.

"ನಾನ ಹೇಳ್ತೇನಿ ಕೇಳ್ರಿ ಡಾಕ್ಟ್ರ. ಗಂಡ ಸತ್ತಾಕಿಗೆ ದಿವಸದ ದಿನ ತವರವರು ಸೀರಿ ಉಡಸಬೇಕು. ಈ ಅಣ್ಣ ತಂದಿದ್ದ. ಅವ್ವ ಆ ಸೀರಿ ತಗೊಂಡು ಇವನ ಮಾರಿಗೆ ಒಗದ್ಲು. 'ಈ ಅಣ್ಣನ ಸೀರಿ ಇವತ್ತೂ ಬ್ಯಾಡ, ನಾ ಸತ್ತ ದಿನಾನೂ ನನ್ನ ಮೈಮ್ಯಾಲ ಬೀಳಬಾರದು' ಅಂದ್ಲು. ಅದ ಸೀರಿ. ಜೇನಿನ ಬಣ್ಣ, ಕಪ್ಪ ದಡಿ. ಬಿದ್ದ ಕೂಡ್ಲೆ ಗುರ್ತು ಹಿಡದೆ ನಾ. ಆರು ವರ್ಷ ಟ್ರಂಕಿನ್ಯಾಗ ಇಟ್ಟು ಈಗ ತಂದಾನ."

"ಅದು ಸಿಟ್ಟಿನ್ಯಾಗ ಅಂದದ್ದು," ಅಂದೆ.

ಬಾಯಿಂದ ಹೊರಬಿದ್ದ ಮೇಲೆ ನನಗೇ ಕೇಳಿಸಿತು.

ಸಂಜು ಜೋರಾಗಿ ನಕ್ಕ. ಆಸ್ಪತ್ರೆಯಲ್ಲಿ ಯಾರೂ ನಗದ ನಗೆ. "ಕೇಳಿದ್ರೇನ್ರಿ? ನಾ ಅಂದ್ರ ನೆವ, ಇವ ಅಂದ್ರ ನ್ಯಾಯ."

ಈಗ ಉಳಿದ ಖರೆ ಹೇಳುತ್ತೇನೆ. ಆರು ವರ್ಷ ತಂಗೆವ್ವ ನನ್ನ ಜೊತೆ ಮಾತಾಡಲಿಲ್ಲ. ಪಂಚಮಿಗೆ ಬರಲಿಲ್ಲ. ನನ್ನ ಮಗಳ ಮದುವೆಗೆ ಬಂದು ಅಕ್ಕಿಕಾಳು ಹಾಕಿ, ನನ್ನ ಮನೆಯ ನೀರನ್ನೂ ಮುಟ್ಟದೆ ಹೋದಳು. ಬೀಳಗಿಯ ಸಂತೆಯಲ್ಲಿ ಎದುರಾದರೆ ದಾರಿ ಬದಲಿಸುತ್ತಿದ್ದಳು. ಮುಂಜಾನೆ ಫೋನ್ ಬಂದಾಗ ನನ್ನ ಹೆಂಡತಿ ಯಲ್ಲವ್ವ, "ಅಕಿ ಬ್ಯಾಡ ಅಂದಿದ್ಲಲ್ಲ" ಅಂದಳು. ನಾನು ಅವಳಿಗೆ ಉತ್ತರ ಕೊಡದೆ ಟ್ರಂಕ್ ತೆಗೆದೆ. ನನ್ನ ಮನಸ್ಸಿನಲ್ಲಿ ಇದ್ದದ್ದು ಒಂದೇ: ಸತ್ತ ಮೇಲೆ ಅವಳು ಸೀರೆಯನ್ನು ತಿರುಗಿ ಒಗೆಯಲಾರಳು. ಊರಿನ ಮುಂದೆ ಅಣ್ಣನ ಸೀರೆ ತಂಗಿಯ ಮೈಮೇಲೆ ಬೀಳುತ್ತದೆ, ಆರು ವರ್ಷದ್ದು ಮುಚ್ಚಿಹೋಗುತ್ತದೆ. ಅವಳ ಒಂದು ಮಾತಿನ ಸಲುವಾಗಿ ಜಗಳ ಆಡಲು ಬಂದವನು, ಅವಳ ಇನ್ನೊಂದು ಮಾತನ್ನು ಮುರಿಯಲು ಚೀಲದಲ್ಲಿ ತಯಾರಿ ಮಾಡಿಕೊಂಡೇ ಬಂದಿದ್ದೆ.

ಆಗ ಉಮಾಶ್ರೀ ಬಾಯಿ ತೆರೆದಳು. ಇಷ್ಟು ಹೊತ್ತು ಅಳುತ್ತಿದ್ದವಳ ದನಿಯಲ್ಲಿ ಅಳು ಇರಲಿಲ್ಲ.

"ನೀವಿಬ್ಬರೂ ನಾಚಗಿ ಬಿಟ್ಟೀರಿ. ಮಾವ ಅವ್ವನ ಅರ್ಧಾ ಮಾತು ಹಿಡದಾನ, ಸಂಜು ಇನ್ನರ್ಧ ಹಿಡದಾನ. ಅಕಿಗೆ ಏನ ಬೇಕಾಗಿತ್ತು ಅನ್ನೂದು ಯಾರಿಗೆ ಬೇಕಾಗೈತಿ? ಮಾವಾ, ನಿನಗ ಸೀರಿ ಹಾಕಬೇಕಾಗೈತಿ. ಸಂಜು, ನಿನಗ ಅವ್ವನ ಕೈಬಿಟ್ಟಿಲ್ಲ ಅಂತ ಫ್ಯಾಕ್ಟರ್‍ಯಾಗ ಹೇಳಬೇಕಾಗೈತಿ. ಎರಡನೇ ದಿನ ಅಕಿ ಪೈಪು ಕಿತ್ತಾಗ ನಾ ಒಳಗಿದ್ದೆ. ಕಿತ್ತು ನನ್ನ ಮಾರಿ ನೋಡಿದ್ಲು. ನಾನೂ ಹೆದರಿ ನರ್ಸನ್ನ ಕರದೆ. ನಾನ ಕರದೆ. ಅಕಿ ಕೈ ಕಟ್ಟಿಸಿದಾಕಿ ನಾನು."

ಡಾಕ್ಟರು ನೀರಿನ ಬಾಟಲಿಯನ್ನು ಅವಳ ಕಡೆ ಸರಿಸಿದರು.

"ಸಂಜು," ಅಂದೆ. "ಒಂದ ಉಸರಿನ್ಯಾಗ ಹೇಳ್ಯಾಳ ಅಕಿ. ನಡಸಿದ್ರ ಎರಡೂ ನಡಸೂಣು, ಬಿಟ್ರ ಎರಡೂ ಬಿಡೂಣು. ನಾ ಸೀರಿ ಬಿಡ್ತೇನಿ."

"ದೊಡ್ಡ ದಾನ ಕೊಟ್ಟಿ ನೋಡು."

"ಅನ್ನು. ಇನ್ನೂ ಅನ್ನೂದಿದ್ರ ಅನ್ನು. ಆದ್ರ ಸಹಿ ಮಾಡೂಕಿಂತ ಮೊದಲ ಒಮ್ಮೆ ಒಳಗ ಹೋಗಿ ಕುಂದ್ರು. ನಿಮ್ಮಪ್ಪನ ಹತ್ರ ನಾ ಹೋಗಲಿಲ್ಲ. ಬೆಂಚಿನ ಮ್ಯಾಲ ಕುಂತು ಹೇಳಿದೆ, ಹಾಕ್ರಿ ಅಂತ. ಹೋಗಿದ್ರ ಹೇಳತಿದ್ದಿಲ್ಲ. ನಿನ್ನ ಕಾಲ ಬೀಳ್ತೇನಿ, ಒಳಗ ಹೋಗಿ ಬಂದು ನಿನಗ ತಿಳದಂಗ ಮಾಡು. ತೂತು ಮಾಡಸೂದಿದ್ರ ಮಾಡಸು, ನಾ ತುಟಿ ಬಿಚ್ಚಂಗಿಲ್ಲ."

"ನನ್ನ ಕಾಲ ಮುಟ್ಟಬ್ಯಾಡ ನೀ," ಅಂದ. ಪೆನ್ನನ್ನು ಮೇಜಿನ ಮೇಲೆ ಎಸೆದ. ಚಪ್ಪಲಿ ಬಿಟ್ಟು ಡಾಕ್ಟರ ಹಿಂದೆ ಒಳಗೆ ಹೋದ.

ಗಾಜಿನ ಈ ಕಡೆಯಿಂದ ನೋಡಿದೆ. ಮೊದಲು ಅವನು ತಾಯಿಯ ಮುಖ ನೋಡಲಿಲ್ಲ, ಪರದೆಯನ್ನೇ ನೋಡಿದ. ಡಾಕ್ಟರು ಏನೋ ಹೇಳುತ್ತ ಒಂದೊಂದು ಸಲಾಯಿನ್ ಬಾಟಲಿಯನ್ನೂ ತೋರಿಸಿದರು. ಆಮೇಲೆ ನರ್ಸ್ ಬಂದು ಪೈಪಿನೊಳಗೆ ಇನ್ನೊಂದು ಸಣ್ಣ ನಳಿಗೆ ಬಿಟ್ಟು ಕಫ ಎಳೆದಳು. ತಂಗೆವ್ವನ ಮೈ ಇಡಿಯಾಗಿ ಮೇಲೆದ್ದು ಬಿತ್ತು. ಕಟ್ಟಿದ ಕೈ ಕಂಬಿಯನ್ನು ಎಳೆಯಿತು. ಕಣ್ಣು ಮಾತ್ರ ತೆರೆಯಲಿಲ್ಲ. ಸಂಜು ಹಿಂದೆ ಸರಿದು ಗೋಡೆಗೆ ತಾಗಿದ. ಇಷ್ಟು ಗಟ್ಟಿ ಆಳು, ಉರಿಯುವ ಬಾಯ್ಲರಿನ ಮುಂದೆ ನಿಲ್ಲುವವನು.

ಡಾಕ್ಟರು ಅವನ ಕೈ ಹಿಡಿದು ತಾಯಿಯ ಮಣಿಕಟ್ಟಿನ ಮೇಲೆ ಇಟ್ಟರು. ಪಟ್ಟಿಯ ಕೆಳಗೆ ಚರ್ಮ ಕಿತ್ತುಹೋಗಿತ್ತು ಅಂತ ಉಮಾಶ್ರೀ ಆಮೇಲೆ ಹೇಳಿದಳು. ಅವನು ಅಲ್ಲೇ ಸ್ಟೂಲಿನ ಮೇಲೆ ಕೂತ. ಗೋಡೆಯ ಗಡಿಯಾರದಲ್ಲಿ ಒಂದು ತಾಸು ದಾಟಿತು. ಎರಡನೇ ಸಲ ಕಫ ಎಳೆಯುವಾಗಲೂ ಇದ್ದ. ಆಗ ತಾಯಿಯ ತಲೆ ಹಿಡಿದುಕೊಂಡಿದ್ದ.

ಹೊರಗೆ ಬಂದವನ ಕಣ್ಣುಗಳು ಕೆಂಪಾಗಿದ್ದವು. ಮಾತು ಮೊದಲಿನಷ್ಟೇ ಒರಟಾಗಿತ್ತು.

"ಬಾಯ್ಲರ್ ಸತ್ತಿದ್ರೂ ಬಾಜೂದ್ರಿಂದ ಉಗಿ ಬಿಟ್ರ ಗೇಜ್ ಏರತೈತಿ. ಅಷ್ಟ ಐತಿ ಇಲ್ಲಿ. ಬೆಂಕಿ ಇಕೀದಲ್ಲ," ಅಂತ ಅಕ್ಕನಿಗೆ ಹೇಳಿದ. ಡಾಕ್ಟರ ಕಡೆ ತಿರುಗಿ, "ಇದನ್ನ ಮೊದಲ ಯಾಕ ಹೇಳಲಿಲ್ರಿ?" ಅಂದ.

"ದಿನಾ ಹೇಳೇನಿ."

"ಹೇಳೀರಿ," ಅಂದ. "ಹೇಳೀರಿ." ಆಮೇಲೆ ನನ್ನ ಎದುರಿಗೆ ಬಂದು ನಿಂತ. "ಮಿಷಿನ್ ತಗಸ್ತೇನಿ. ನಿನ್ನ ಮಾತಿಗಲ್ಲ, ತಿಳೀತಾ? ಇನ್ನ ನನ್ನ ಮಾತು ಕೇಳು. ಅವ್ವನ ಮನಿಗೆ ಒಯ್ಯೂ ಗಾಡ್ಯಾಗ ನೀ ಹತ್ತಬಾರದು. ಆ ಸೀರಿ ನಮ್ಮ ಊರ ಅಗಸಿ ಬಾಗಲಾ ದಾಟಬಾರದು. ಮಣ್ಣಿನ್ಯಾಗ ನಿಮ್ಮ ಮಂದಿ ಸೀರಿ ಎಲ್ಲಿ ಅಂತ ಅಡ್ಡ ನಿಂತ್ರ ನಾ ಉತ್ತರಾ ಕೊಡಂಗಿಲ್ಲ. ನೀನ ಕೊಡಬೇಕು."

"ಆತು."

"ಎಲ್ಲಾರ ಮುಂದ."

"ಆತು ಅಂದೆ."

ಕಾಗದಪತ್ರಕ್ಕೆ ಮೂರು ದಿನ ಹಿಡಿಯಿತು. ಗಂಟಲಿಗೆ ತೂತು ಮಾಡುವುದನ್ನು ಅಲ್ಲಿಯ ತನಕ ನಿಲ್ಲಿಸಿದರು. ಆಸ್ಪತ್ರೆಯ ಮೂರು ಮಂದಿ ಡಾಕ್ಟರು ನೋಡಿ ಬರೆದರು. ಬೇರೆ ಕಡೆಯಿಂದ ಮತ್ತೆ ಮೂರು ಮಂದಿ ಬಂದು ನೋಡಿದರು. ಪ್ರತಿ ಸಲವೂ ಒಬ್ಬೊಬ್ಬರನ್ನೇ ಕರೆದು, ಅವಳ ಇಚ್ಛೆ ಏನಿತ್ತು ಅಂತ ಕೇಳಿದರು. ತಂಗೆವ್ವ ಭಂಡಾರ ಹಿಡಿದು ಹೇಳಿದ ಮಾತನ್ನು ನಾನು ಎರಡೂ ಸಲ ಪೂರ್ತಿ ಹೇಳಿದೆ, ಸೀರೆಯದ್ದೂ ಸೇರಿಸಿ. ಬರೆದುಕೊಳ್ಳುತ್ತಿದ್ದ ಡಾಕ್ಟರೊಬ್ಬರು ಪೆನ್ನು ನಿಲ್ಲಿಸಿ, "ಇದು ಬೇಕಾಗಿಲ್ರಿ" ಅಂದರು. "ಇರ್ಲಿ, ಬರಕೋರಿ" ಅಂದೆ. ಬರೆದುಕೊಂಡರೋ ಇಲ್ಲವೋ ಗೊತ್ತಿಲ್ಲ.

ಆ ಮೂರು ದಿನ ಸಂಜು ನನ್ನ ಜೊತೆ ಒಂದು ಮಾತೂ ಆಡಲಿಲ್ಲ. ಚಹಾ ತಂದರೆ ಎರಡೇ ಕಪ್ಪು ತರುತ್ತಿದ್ದ, ತನಗೆ ಮತ್ತು ಅಕ್ಕನಿಗೆ. ಒಂದು ಸಲ ಬೆಂಚಿನ ಮೇಲೆ ನನ್ನ ಪಕ್ಕದಲ್ಲಿ ಮಾತ್ರ ಜಾಗ ಇತ್ತು. ಅವನು ನೆಲದ ಮೇಲೆ ಕೂತ.

ಮೂರನೇ ದಿನ ಮುಂಜಾನೆ ಊರಿನಿಂದ ತಾಯಿಯ ಕರಿ ಕಂಬಳಿ ತಂದ. ತಂಗೆವ್ವ ತಾನೇ ನೂಲು ತೆಗೆದು ನೇಯಿಸಿದ್ದು. ನೋವು ಗೊತ್ತಾಗದ ಹಾಗೆ ಔಷಧ ಕೊಟ್ಟು ಹತ್ತು ಗಂಟೆಗೆ ಪೈಪು ತೆಗೆದರು. ತಾನೇ ಉಸಿರಾಡಲು ಹತ್ತಿದಳು, ಸಣ್ಣಗೆ. ಎಷ್ಟು ಹೊತ್ತು ಅಂತ ಮಾತು ಕೊಡಲಾರೆ ಅಂದರು ಡಾಕ್ಟರು. ನರ್ಸ್ ಕೈಕಟ್ಟು ಬಿಚ್ಚಿ ಪಟ್ಟಿಗಳನ್ನು ಮಂಚದ ಮೇಲೆ ಬಿಟ್ಟಳು. ಉಮಾಶ್ರೀ ಅದರಲ್ಲೊಂದನ್ನು ತಂದು, ಮೂರು ದಿನದಿಂದ ನಾನು ಕಂಕುಳಲ್ಲಿ ಒತ್ತಿ ಹಿಡಿದಿದ್ದ ಚೀಲದ ಹಿಡಿಕೆಗೆ ಬಿಗಿದು ಕಟ್ಟಿದಳು.

ತಂಗೆವ್ವನನ್ನು ಕಂಬಳಿಯ ಸಮೇತ ಆಂಬುಲೆನ್ಸಿಗೆ ಏರಿಸಿದರು. ನಾನು ಹಿಂದಿನ ಬಾಗಿಲ ಹತ್ತಿರ ನಿಂತೆ. ಅವಳ ಬಾಯಿಯಲ್ಲಿ ಈಗ ಪೈಪು ಇರಲಿಲ್ಲ. ಆರು ವರ್ಷದಲ್ಲಿ ಮೊದಲ ಸಲ ಅವಳ ಮುಖವನ್ನು ಇಷ್ಟು ಹತ್ತಿರದಿಂದ ನೋಡಿದೆ. ಅವಳು ದಾರಿ ಬದಲಿಸಲಿಲ್ಲ.

"ಆತೇನು? ನೋಡಿದ್ಯಾ?" ಅಂದ ಸಂಜು. ಬಾಗಿಲು ಹಾಕಿದ.

ನಾನು ಬಸ್ ನಿಲ್ದಾಣಕ್ಕೆ ನಡೆದೆ. ಬೀಳಗಿಯ ಬಸ್ಸು ಹನ್ನೊಂದೂವರೆಗೆ ಬಂತು. ಹಿನ್ನೀರಿಗೆ ಹಳೆಯ ಊರು ಮುಳುಗಿದ ಮೇಲೆ ಬೀಳಗಿಯ ಹತ್ತಿರ ಕಟ್ಟಿದ ಹೊಸ ಊರು ತಂಗೆವ್ವನದ್ದು. ಬೀಳಗಿಯಲ್ಲಿ ಇಳಿದು ಅಲ್ಲಿಂದ ಟಂಟಂ ಆಟೋ ಹಿಡಿದೆ. ಊರ ಅಗಸಿ ಬಾಗಿಲಿನ ಈಚೆಗೆ ಒಂದು ಚಹದಂಗಡಿ ಇದೆ. ಅಂಗಡಿಯವನ ಹತ್ತಿರ ಚೀಲ ಇಟ್ಟು, "ಸಂಜೀಕ ಒಯ್ತೇನಿ" ಅಂದೆ. ಅವನು ಚೀಲ ತೆಗೆದುಕೊಳ್ಳುತ್ತಲೇ, "ತಂಗೆವ್ವನ ಅಣ್ಣಲ್ರಿ ನೀವು? ಒಂದೂವರಿಗೆ ಹ್ವಾದ್ಲಂತ" ಅಂದ.

ನಾನು ಮುಟ್ಟುವಾಗ ಮೂರು ಹೊಡೆದಿತ್ತು. ಅಂಗಳದಲ್ಲಿ ಕಂಬಳಿಯ ಮೇಲೆಯೇ ಹೋದಳಂತೆ. ಹಣೆಗೆ ಭಂಡಾರ ಹಚ್ಚಿದಾಗ ಉಸಿರಿತ್ತಂತೆ. ಸಂಜು ಚಮಚದಿಂದ ಬಾಯಿಗೆ ನೀರು ಬಿಟ್ಟನಂತೆ. "ಒಳಗ ಹೋತು ಮಾವಾ, ಹೊರಗ ಬರಲಿಲ್ಲ," ಅಂದಳು ಉಮಾಶ್ರೀ. ಅಷ್ಟು ಹೇಳಿ ಹೆಂಗಸರ ಕಡೆ ಹೋದಳು.

ನಾಲ್ಕರ ಸುಮಾರಿಗೆ ನಮ್ಮ ಊರಿನವರು ಟೆಂಪೋ ಮಾಡಿಕೊಂಡು ಬಂದರು. ಯಲ್ಲವ್ವ, ನನ್ನ ದಾಯಾದಿಗಳು, ಹತ್ತೆಂಟು ಮಂದಿ. ತಂಗೆವ್ವನನ್ನು ತೊಳೆದು ಸಂಜು ತಂದ ಹೊಸ ಸೀರೆ ಉಡಿಸಿ ಕೂಡಿಸಿದ್ದರು. ಎತ್ತುವ ಹೊತ್ತು ಬಂತು. ಗಂಡಸರು ಹೆಗಲು ಕೊಡಲು ಬಗ್ಗಿದರು.

"ತಡೀರಿ," ಅಂದ ನನ್ನ ದೊಡ್ಡಪ್ಪನ ಮಗ ಶಿವಯೋಗಿ. "ತವರ ಸೀರಿ ಎಲ್ಲೈತಿ?"

ಅಂಗಳದಲ್ಲಿ ಬಡಿಯುತ್ತಿದ್ದ ಹಲಗೆವಾದ್ಯದ ಸದ್ದು ನಿಂತಿತು.

"ಶಿದ್ರಾಮಣ್ಣ, ಸೀರಿ ಎಲ್ಲಿ?"

ಯಲ್ಲವ್ವ ನನ್ನ ಖಾಲಿ ಕೈ ನೋಡಿದಳು. ನಾನು ಸೀರೆ ಒಯ್ದದ್ದು ಅವಳಿಗೆ ಗೊತ್ತು. ಅವಳು ಬಾಯಿ ತೆರೆಯುವ ಮೊದಲು ನಾನು ತಲೆ ಅಲ್ಲಾಡಿಸಿದೆ.

"ಸೀರಿ ಬಂದಿಲ್ಲ ಅಂದ್ರ ಹೆಣಾ ಹ್ಯಾಂಗ ಎತ್ತತೀರಿ?" ಶಿವಯೋಗಿಯ ದನಿ ಏರಿತು. "ನಾವೇನ ಸತ್ತೀವೇನು? ನಮ್ಮನಿ ಹೆಣ್ಣಮಗಳಿಗೆ ಒಂದು ಸೀರಿಗೆ ಬರ ಬಂತೇನು? ಏ ಸಂಜು, ನಿಮ್ಮ ಮಂದಿ ಬ್ಯಾಡ ಅಂದ್ರೇನು? ಬಾಯಿ ಬಿಡು. ಹಂಗಿದ್ರ ನಾವೂ ನೋಡ್ತೇವಿ, ಹ್ಯಾಂಗ ಎತ್ತತೀರಂತ."

ಸಂಜುವಿನ ಕಡೆಯ ಇಬ್ಬರು ಹುಡುಗರು ತೋಳು ಏರಿಸಿದರು. ಸಂಜು ತಾಯಿಯ ಹೆಗಲು ಹಿಡಿದು ನಿಂತಿದ್ದ. ನನ್ನನ್ನೇ ನೋಡುತ್ತಿದ್ದ. ಅವನ ಮುಖದಲ್ಲಿ ಬೇಡಿಕೆ ಇರಲಿಲ್ಲ. ನಾನು ಮಾತು ತಪ್ಪುತ್ತೇನೆ ಅಂತಲೇ ಅವನು ಎಣಿಸಿದ್ದ. ನಾನು ಒಂದು ಮಾತು ಅಂದರೆ ಸಾಕಿತ್ತು. ಹೆಣ ಅಲ್ಲೇ ಕೂತಿರುತ್ತಿತ್ತು. ಚಹದಂಗಡಿಗೆ ಒಬ್ಬನನ್ನು ಓಡಿಸಿದರೆ ಸೀರೆ ಬರುತ್ತಿತ್ತು. ಊರೇ ನನ್ನ ಕಡೆ ಇತ್ತು.

"ಅವರು ಬ್ಯಾಡ ಅಂದಿಲ್ಲ," ಅಂದೆ. "ತಂಗೆವ್ವ ಬ್ಯಾಡ ಅಂದಾಳ. ಬೀರಪ್ಪನ ಮುಂದ ಭಂಡಾರ ಹಿಡದು ಅಂದಾಳ. ಅವತ್ತ ಇಲ್ಲಿ ಇದ್ದವರು ಎಲ್ಲಾರೂ ಕೇಳೀರಿ. ನಾ ಸೀರಿ ತಂದಿಲ್ಲ. ತರಂಗಿಲ್ಲ. ಎತ್ರಿ."

"ತಲಿ ಕೆಟ್ಟೈತೇನು ನಿನಗ?"

"ಎತ್ರಿ ಅಂದೆ."

ಶಿವಯೋಗಿ ನೆಲಕ್ಕೆ ಉಗುಳಿದ. "ಭಾವಗ ಹನ್ನೊಂದು ದಿನ ಮಿಷಿನ್ ಹಾಕಿಸಿದಿ. ತಂಗಿದು ಮಿಷಿನ್ ತಗಸಿದಿ. ಈಗ ಒಂದು ಸೀರಿನೂ ಇಲ್ಲ. ಇಂಥಾ ಅಣ್ಣ ಯಾರಿಗೂ ಬ್ಯಾಡ." ಟೆಂಪೋದಲ್ಲಿ ಬಂದವರಲ್ಲಿ ನಾಲ್ಕು ಮಂದಿ ಅವನ ಹಿಂದೆ ಹೊರಗೆ ಹೋದರು. ಹೆಂಗಸರ ಗುಂಪಿನಲ್ಲಿ ಯಾರೋ ನನ್ನ ಹೆಸರು ಹಿಡಿದು ಶಾಪ ಹಾಕಿದರು.

ಸೀರೆ ಅಗಸಿ ದಾಟಬಾರದು ಅಂತ ಹೇಳಿದವನು ತಾನು ಅಂತ ಸಂಜು ಹೇಳಬಹುದಿತ್ತು. ಹೇಳಲಿಲ್ಲ. ಬಗ್ಗಿ ಹೆಗಲು ಕೊಟ್ಟ. ತಂಗೆವ್ವ ಎದ್ದಳು.

ಮಣ್ಣು ಕೊಡುವಾಗ ನನ್ನ ಪಾಲಿನ ಮೂರು ಹಿಡಿ ಕೊಟ್ಟೆ. ಯಾರೂ ತಡೆಯಲಿಲ್ಲ, ಯಾರೂ ಜಾಗವನ್ನೂ ಬಿಡಲಿಲ್ಲ. ಮಂದಿಯ ಸಂದಿಯಲ್ಲಿ ಕೈ ಚಾಚಿ ಹಾಕಿದೆ.

ತಿರುಗಿ ಬರುವಾಗ ಹಾದಿಯಲ್ಲಿ ಸಂಜು ನನ್ನ ಪಕ್ಕಕ್ಕೆ ಬಂದ. ಹತ್ತು ಹೆಜ್ಜೆ ಜೊತೆಗೆ ನಡೆದ. ಏನೋ ಹೇಳುತ್ತಾನೆ ಅಂತ ಕಾದೆ. ತವರಿನವರು ಅವತ್ತು ಉಳಿದು ಅವರ ಮನೆಯ ಊಟ ಮಾಡಿ ಹೋಗುವುದು ರೂಢಿ.

"ಮುಧೋಳದ ಕಡೀ ಬಸ್ಸು ಬೀಳಗಿಯಿಂದ ಆರೂವರಿಗೆ ಐತಿ," ಅಂದ. "ಈಗ ಹೊಂಟ್ರ ಸಿಗತೈತಿ."

"ಹೊಂಟೇನಿ," ಅಂದೆ.

ಅಗಸಿಯ ಹೊರಗೆ ಚಹದಂಗಡಿಯವನು ಚೀಲ ಕೊಟ್ಟ. ಟೆಂಪೋ ಬಿಟ್ಟು ನನ್ನ ಜೊತೆ ಹೊರಟಿದ್ದ ಯಲ್ಲವ್ವ ಅದನ್ನು ನನ್ನ ಕೈಯಿಂದ ತೆಗೆದುಕೊಂಡು, ಒಳಗೆ ಕೈ ಹಾಕಿ ಸೀರೆ ಮುಟ್ಟಿ ನೋಡಿದಳು. ಸೆರಗಿನ ಮೇಲೆ ಚಪ್ಪಲಿಯ ಗುರುತು ಇನ್ನೂ ಇತ್ತು.

"ಇದನ್ನೇನ ಮಾಡ್ತೀರಿ ಇನ್ನ?"

"ಟ್ರಂಕಿನ್ಯಾಗ ಇಡು."

ಬಸ್ಸಿನಲ್ಲಿ ಕೂತಾಗ ಚೀಲ ನನ್ನ ತೊಡೆಯ ಮೇಲೆ ಇತ್ತು. ಉಮಾಶ್ರೀ ಕಟ್ಟಿದ ಪಟ್ಟಿ ಬಿಗಿಯಾಗಿತ್ತು. ಮುಧೋಳ ಬರುವ ತನಕ ಅದರ ಗಂಟಿನ ಮೇಲೆ ಬೆರಳಿಟ್ಟುಕೊಂಡು ಕೂತಿದ್ದೆ.